ಸದ್ದು ಮಾಡದ ಗಾಡಿ

“ಬುದ್ಧೀ, ಒಳ್ಳೇ ಮನುಷ್ಯ ಒಂದೇ ದಿನದಾಗೆ ಹೆಂಗೆ ಕೆಡ್ತಾನೆ?”

ಕೇಳಿದವನು ಕೊಟ್ರಬಸಪ್ಪ. ಪೇಟೆಯಲ್ಲಿ ಖಾನಾವಳಿ ಇಟ್ಟುಕೊಂಡವನು, ಮಠದ ಹಳೆಯ ಶಿಷ್ಯ. ಸ್ವಾಮಿಗಳ ಪಾದಕ್ಕೆ ಬಿದ್ದು ಎದ್ದವನು ಕುಳಿತುಕೊಳ್ಳುವುದನ್ನೂ ಮರೆತು ನಿಂತಿದ್ದ. ಮುಖದಲ್ಲಿ ಸಿಟ್ಟಿಗಿಂತ ದಿಗಿಲೇ ಹೆಚ್ಚಾಗಿತ್ತು.

ಸಂಗತಿ ಇಷ್ಟು. ಖಾನಾವಳಿಯ ಮುಂದಿನ ಪಡಸಾಲೆ ಅವನದು, ಹಿಂದಿನ ಒಲೆ ಅವನ ತಮ್ಮ ಮಾರುದ್ರನದು. ಅಣ್ಣ ಬಂದವರನ್ನು ಮಾತಾಡಿಸಿ ಎಲೆ ಹಾಕಿಸುತ್ತಿದ್ದ, ತಮ್ಮ ರೊಟ್ಟಿ ಬೇಯಿಸಿ ಒಗ್ಗರಣೆ ಕೊಡುತ್ತಿದ್ದ. ನಿನ್ನೆ ಮಧ್ಯಾಹ್ನ ಪಂಕ್ತಿ ತುಂಬಿ ಕುಳಿತಿರುವಾಗ ಮಾರುದ್ರ ಹೆಗಲ ಮೇಲಿನ ವಸ್ತ್ರ ತೆಗೆದು ಒಲೆಯ ಕಟ್ಟೆಯ ಮೇಲಿಟ್ಟ, ಹಿತ್ತಲ ಬಾಗಿಲಿನಿಂದ ಹೊರಟುಹೋದ. ಇನ್ನು ಬರುವುದಿಲ್ಲ ಎಂದು ಹೆಂಡತಿಯ ತವರಿನಿಂದ ಹೇಳಿಕಳಿಸಿದ.

“ಇಷ್ಟು ವರ್ಷ ಎದುರಿಗೆ ನಿಂತು ಒಂದು ಮಾತಾಡಿದವನಲ್ಲ ಬುದ್ಧೀ. ಯಾವಾಗ್ಲೋ ಒಂದ್ಸಲ, ಹೊಗೆಗೆ ಕಣ್ಣು ಉರೀತಾವೆ ಅಣ್ಣಾ ಅಂದಿದ್ದ, ಅಷ್ಟೇ. ಅದು ಬಿಟ್ರೆ ಉಸಿರೆತ್ತಿಲ್ಲ. ಅಂಥೋನು ಹಿಂಗೆ ಮಾಡ್ತಾನೆ ಅಂದ್ರೆ! ನಿನ್ನೆಯಿಂದ ನನಗೆ ಕೈಕಾಲೇ ಆಡ್ತಿಲ್ಲ.”

ಸ್ವಾಮಿಗಳು ಅವನನ್ನು ಕೂರಿಸಿ ನೀರು ಕೊಡಿಸಿದರು. ಅವನು ಕುಡಿದು ಲೋಟ ಕೆಳಗಿಟ್ಟ ಮೇಲೆ ಒಂದು ಕತೆ ಹೇಳಿದರು.

ಒಬ್ಬ ಪಾತ್ರೆ ವ್ಯಾಪಾರಿ ಇದ್ದ. ಸುತ್ತಲಿನ ಯಾವ ಊರಲ್ಲಿ ಮದುವೆಯಾದರೂ ಹಂಡೆ, ಕೊಪ್ಪರಿಗೆ, ಕೊಳಗ ಅವನ ಅಂಗಡಿಯಿಂದಲೇ ಹೋಗಬೇಕು. ಸಾಮಾನು ಸಾಗಿಸಲು ಅವನ ಬಳಿ ಒಂದು ಹಳೆಯ ಟೆಂಪೊ ಇತ್ತು. ಗೇರ್ ಬದಲಾಯಿಸಿದಾಗಲೆಲ್ಲ ಅದು ಗರ್ ಎನ್ನುವುದು. ಏರು ಬಂದರೆ ಗೊಣಗುವುದು, ಭಾರ ಹೆಚ್ಚಾದರೆ ಬೀದಿಗೆಲ್ಲ ಕೇಳುವಂತೆ ಅರಚುವುದು. ವ್ಯಾಪಾರಿ ಅದನ್ನು ಬಾಯಿಗೆ ಬಂದಂತೆ ಬೈಯುತ್ತಿದ್ದ, ಬೈಯುತ್ತಲೇ ಮೇಸ್ತ್ರಿಯ ಹತ್ತಿರ ಒಯ್ಯುತ್ತಿದ್ದ. ಅತ್ತ ಮಗುವಿಗೇ ಹಾಲು ಎನ್ನುತ್ತಾರಲ್ಲ, ಹಾಗೆ. ಎಣ್ಣೆ ಬದಲಾಗುತ್ತಿತ್ತು, ಸವೆದದ್ದು ಹೊಸದಾಗುತ್ತಿತ್ತು, ಟೆಂಪೊ ಮತ್ತೆ ಗೊಣಗುತ್ತ ಓಡುತ್ತಿತ್ತು.

ಕೈಯಲ್ಲಿ ನಾಲ್ಕು ಕಾಸು ಆಡತೊಡಗಿದ ಮೇಲೆ ಅವನು ಒಂದು ಕಾರು ತಂದ. ಜೀಪಿನ ಎತ್ತರ, ಕಾರಿನ ನಯ, ಓಣಿಯಲ್ಲಿ ತಿರುಗುವಷ್ಟೇ ಗಾತ್ರ. ಈಗ ಪೇಟೆಯಲ್ಲಿ ಮನೆಮನೆಯ ಮುಂದೆ ನಿಂತಿರುತ್ತವಲ್ಲ, ಅಂಥದ್ದು. ಕ್ಲಚ್ ಇಲ್ಲ, ಕೈಯಿಂದ ಗೇರ್ ಬದಲಾಯಿಸುವ ಕೆಲಸವಿಲ್ಲ. ಸಿವಿಟಿ ಗೇರ್‌ಬಾಕ್ಸ್ ಎಂದರು. ವ್ಯಾಪಾರಿ ಆ ಮೂರಕ್ಷರವನ್ನು ಮಂತ್ರದ ಹಾಗೆ ಊರಿಗೆಲ್ಲ ಹೇಳಿಕೊಂಡು ತಿರುಗಿದ. ಅರ್ಥ ಏನು ಎಂದು ಮಾತ್ರ ಯಾರನ್ನೂ ಕೇಳಲಿಲ್ಲ.

ಅರ್ಥ ಕಷ್ಟದ್ದೇನಲ್ಲ ಕೊಟ್ರಬಸಪ್ಪಾ. ಟೆಂಪೊದ ಗೇರಿನಲ್ಲಿ ಹಲ್ಲಿನ ಚಕ್ರಗಳಿರುತ್ತವೆ, ಹಲ್ಲು ಹಲ್ಲನ್ನು ಕಚ್ಚಿ ಹಿಡಿದು ನಡೆಯುತ್ತವೆ. ಈ ಕಾರಿನೊಳಗೆ ಎರಡು ರಾಟೆ, ನಡುವೆ ಒಂದು ಉಕ್ಕಿನ ಪಟ್ಟಿ. ಹಿಟ್ಟಿನ ಗಿರಣಿಯ ಬೆಲ್ಟ್ ನೋಡಿದ್ದೀಯಲ್ಲ, ಹೆಚ್ಚುಕಡಿಮೆ ಅದೇ. ರಾಟೆಗಳು ಹಿಗ್ಗಿ ಕುಗ್ಗಿದಂತೆ ಪಟ್ಟಿ ಏರಿ ಇಳಿಯುತ್ತದೆ, ಒಂದು ಜಗ್ಗೂ ಇಲ್ಲದೆ ವೇಗ ಹೆಚ್ಚುತ್ತದೆ. ಅಲ್ಲಿ ಕಚ್ಚುವ ಹಲ್ಲಿಲ್ಲ, ಇರುವುದೆಲ್ಲ ಬಿಗಿ ಹಿಡಿತ. ಆ ಹಿಡಿತವನ್ನು ಕಾಯುವುದು ಒಳಗಿನ ಎಣ್ಣೆ. ಕೆಟ್ಟ ಗಾಡಿಯಲ್ಲ ಅದು. ಭಾರ ನೋಡಿ ಹೇರಿ, ಎಣ್ಣೆ ಹಳತಾಗುವ ಮೊದಲೇ ಬದಲಾಯಿಸಿ, ಹದವಾಗಿ ನಡೆಸಿದವರ ಮನೆಯಲ್ಲಿ ಅದೇ ಗಾಡಿ ಇಂದಿಗೂ ಓಡುತ್ತಿದೆ. ಮಾರಿದವನು ಮಾತ್ರ ಈ ವ್ಯಾಪಾರಿಗೆ, ಇದರ ಆಯಿಲ್ ಜೀವಮಾನಕ್ಕೆ ಸಾಕು ಎಂದುಬಿಟ್ಟಿದ್ದ. ಯಾರ ಜೀವಮಾನ ಎಂದು ಇವನು ಕೇಳಲಿಲ್ಲ, ಅವನೂ ಬಿಡಿಸಿ ಹೇಳಲಿಲ್ಲ.

ಬೆಣ್ಣೆಯಿಂದ ಕೂದಲು ತೆಗೆದ ಹಾಗೆ ಕಾರು ಓಡಿತು. ವ್ಯಾಪಾರಿ ಹಿಂದಿನ ಸೀಟು ಮಡಚಿ ಕೊಪ್ಪರಿಗೆ ತುಂಬಿದ. ಕಾರು ಏನೂ ಅನ್ನಲಿಲ್ಲ. ಹಿಂದಕ್ಕೆ ಸರಿಯುತ್ತಿರುವ ಗಾಡಿ ಪೂರ್ತಿ ನಿಲ್ಲುವ ಮೊದಲೇ ಮುಂದಕ್ಕೆ ಹೋಗುವ ಗೇರಿಗೆ ಎಳೆದ, ಏನೂ ಅನ್ನಲಿಲ್ಲ. ಏರಿನಲ್ಲಿ ನಿಲ್ಲಬೇಕಾಗಿ ಬಂದರೆ ಬ್ರೇಕ್ ಒತ್ತುತ್ತಿರಲಿಲ್ಲ, ಎಕ್ಸಿಲರೇಟರನ್ನೇ ಹದವಾಗಿ ಅದುಮಿ ಗಾಡಿಯನ್ನು ನಿಂತಲ್ಲೇ ತೂಗಿಸಿ ಹಿಡಿಯುತ್ತಿದ್ದ. ಟೆಂಪೊಗೆ ಹೀಗೆ ಮಾಡಿದ್ದರೆ ಅದು ಇವನ ಮಾನ ಹರಾಜು ಹಾಕುತ್ತಿತ್ತು. ಕಾರು ಸಹಿಸಿತು. “ನಮ್ಮನ್ಯಾಗೆ ಬಾಯಿಲ್ಲದ ಬಂಗಾರ ಎರಡು. ಒಂದು ಈ ಕಾರು, ಇನ್ನೊಂದು ನಮ್ಮಾಕಿ” ಎಂದು ಅಂಗಡಿಗೆ ಬಂದವರ ಮುಂದೆ ಹೊಗಳುತ್ತಿದ್ದ. ಒಳಗೆ ಪಾತ್ರೆ ಒರೆಸುತ್ತಿದ್ದ ಹೆಂಡತಿಗೆ ಅದು ಕೇಳಿಸುತ್ತಿತ್ತು.

ಆಯುಧ ಪೂಜೆಯ ಹಿಂದಿನ ದಿನ ಮೇಸ್ತ್ರಿ ಅಂಗಡಿಗೇ ಬಂದು ಟೆಂಪೊದ ಕೆಳಗೆ ಮಲಗಿ ಹಳೆಯ ಎಣ್ಣೆ ಇಳಿಸುವುದು ಅವರ ಮನೆಯ ರೂಢಿ. ಕಾರಿಗೆ ಬರೀ ಪೂಜೆ. ತೊಳೆದು, ವಿಭೂತಿ ಎಳೆದು, ಚೆಂಡುಹೂವಿನ ಹಾರ ಹಾಕಿ, ಚಕ್ರಗಳ ಕೆಳಗೆ ನಿಂಬೆಹಣ್ಣಿಟ್ಟು, ಬೂದುಗುಂಬಳ ಒಡೆಯುತ್ತಿದ್ದರು. ಒಂದು ವರ್ಷ ಮೇಸ್ತ್ರಿ ಟೆಂಪೊದ ಕೆಲಸ ಮುಗಿಸಿ ಎದ್ದವನು, “ಯಜಮಾನ್ರೇ, ಇದೂ ಈಗ ಭಾರ ಹೊರೋ ಗಾಡಿ ಆಗೈತೆ. ಇದರ ಗೇರ್ ಆಯಿಲೂ ಇಳಿಸಿಬಿಡಾಣ” ಎಂದ. “ಚೆನ್ನಾಗಿರೋದರ ಹೊಟ್ಟೆ ಯಾಕೆ ಬಗೀತಿಯೋ ಮಾರಾಯ?” ಎಂದು ವ್ಯಾಪಾರಿ ಕಾರಿನ ಮೂತಿಗೆ ದೊಡ್ಡದೊಂದು ಹಾರ ತರಿಸಿದ.

ಆ ದೀಪಾವಳಿ ಕಳೆದ ಮೇಲೆ ಕಾರು ಮಾತಾಡತೊಡಗಿತು. ಅರಚಲಿಲ್ಲ, ಬರೀ ಗುಂಯ್ ಎಂದಿತು. ಪಕ್ಕದಲ್ಲಿ ಕುಳಿತ ಹೆಂಡತಿಗೆ ಅದು ಕೇಳಿಸಿತು. “ರೀ, ಒಳಗೆ ಏನೋ ಗುಂಯ್ ಅಂತೈತೆ” ಎಂದಳು. ಕಾರಿನಲ್ಲಿ ಅವನಿಗೆ ಇಷ್ಟವಾದ ಭಜನೆಯೊಂದು ಬರುತ್ತಿತ್ತು. ಕೈ ಚಾಚಿ ಹಾಡನ್ನು ಜೋರು ಮಾಡಿದ. ಇನ್ನೊಂದು ಸಲ ಸೇತುವೆಯ ಏರಿನಲ್ಲಿ, “ಎಂಜಿನ್ನು ಕೂಗ್ತೈತೆ, ಗಾಡಿ ಅಷ್ಟು ಮುಂದಕ್ಕೆ ಹೋಗ್ತಿಲ್ಲ ನೋಡ್ರಿ” ಎಂದಳು. ಗಾಡಿ ವಿಚಾರ ನಿನಗೇನು ಗೊತ್ತು ಎಂದು ನಕ್ಕ. ಮತ್ತೆ ಅವಳು ಆ ಮಾತೆತ್ತಲಿಲ್ಲ.

ಅವಳಿಗೆ ಹೇಳುವುದು ಇನ್ನೊಂದಿತ್ತು. ಗುಡ್ಡದ ಮೇಲಿನ ಊರಿನಲ್ಲಿ ಅವಳ ತಾಯಿ ಸಂಕ್ರಾಂತಿಯಿಂದ ಹಾಸಿಗೆ ಹಿಡಿದಿದ್ದಳು. ಒಮ್ಮೆ ಅವ್ವನನ್ನು ನೋಡಿಕೊಂಡು ಬರೋಣ ಎಂದು ಗಂಡನಿಗೆ ಹೇಳಿದ್ದಳು. ಲಗ್ನದ ಕಾಲ, ಕೈಬಿಡುವಿಲ್ಲ, ಆಮೇಲೆ ನೋಡೋಣ ಎಂದಿದ್ದ. ಒಮ್ಮೆ ಹೇಳಿದ್ದನ್ನು ಗಟ್ಟಿಯಾಗಿ ಮತ್ತೊಮ್ಮೆ ಹೇಳುವ ರೂಢಿ ಅವಳಿಗಿರಲಿಲ್ಲ.

ಒಂದು ಬೆಳಿಗ್ಗೆ ಅವಳ ಅಣ್ಣ ಫೋನ್ ಮಾಡಿದ. ಅವ್ವನಿಗೆ ಮೇಲುಸಿರು ಹತ್ತಿದೆ, ನಿನ್ನ ಹೆಸರು ಹಿಡಿದು ಕರೆಯುತ್ತಿದ್ದಾಳೆ, ಬೇಗ ಬಾ. ಸಾಯುವವರ ಗಂಟಲಿಗೆ ಮಕ್ಕಳ ಕೈಯಿಂದ ಒಂದು ಗುಟುಕು ಹಾಲು ಇಳಿಯಬೇಕು ಎನ್ನುವುದು ಆ ಮನೆಯವರ ನಂಬಿಕೆ. ಅವಳು ಹಾಲು ಕಾಯಿಸಿ, ಆರಿಸಿ, ಚಿಕ್ಕ ತಂಬಿಗೆಗೆ ತುಂಬಿ, ಅದರ ಬಾಯಿಗೆ ಬಟ್ಟೆ ಕಟ್ಟಿಕೊಂಡು ಓಡಿಬಂದಳು. ಬಂದು ನೋಡಿದರೆ ಕಾರಿನ ಹಿಂದೆಲ್ಲ ಕೊಪ್ಪರಿಗೆ! ಗುಡ್ಡದ ಮೇಲಿನ ಗಿರಾಕಿಗೆ ಮುಟ್ಟಿಸಬೇಕಾದವು. ಹೇಗೂ ಹೋಗುವ ದಾರಿ, ಸ್ವಾಮಿಕಾರ್ಯ ಸ್ವಕಾರ್ಯ ಎರಡೂ ಆಗುತ್ತದೆ ಎಂದು ವ್ಯಾಪಾರಿ ಏರಿಸಿಬಿಟ್ಟಿದ್ದ.

“ಇವತ್ತೂನಾ?” ಎಂದಳು.

“ಹೊರೋ ಕಾರೇ ಏನೂ ಅಂತಿಲ್ಲ, ನಿಂದೇನು?” ಎಂದ.

ಅವಳು ತಂಬಿಗೆಯನ್ನು ಮಡಿಲಲ್ಲಿಟ್ಟುಕೊಂಡು ಕುಳಿತಳು. ಹಾಡು ಶುರುವಾಯಿತು, ಕಾರು ಹೊರಟಿತು.

ಗುಡ್ಡದ ಅರ್ಧ ಏರಿರಬೇಕು. ಮುಂದೆ ಒಂದು ಲಾರಿ ತಿರುವಿನಲ್ಲಿ ಸಿಕ್ಕಿಕೊಂಡು ಗಾಡಿಗಳ ಸಾಲು ನಿಂತಿತು. ಸಾಲು ಒಂದು ಮಾರು ಸರಿಯುವುದು, ನಿಲ್ಲುವುದು. ವ್ಯಾಪಾರಿ ಎಂದಿನಂತೆ ಎಕ್ಸಿಲರೇಟರಿನ ಮೇಲೆ ಗಾಡಿಯನ್ನು ತೂಗಿಸುತ್ತ ಹಿಡಿದ. ಏನೋ ಸುಟ್ಟ ವಾಸನೆ ಬಂತು. ಮುಂದಿನ ಲಾರಿಯದು ಎಂದುಕೊಂಡು ಗಾಜು ಏರಿಸಿದ. ಕೊನೆಗೆ ಲಾರಿ ತಿರುವು ದಾಟಿತು, ದಾರಿ ಬಿಟ್ಟಿತು, ವ್ಯಾಪಾರಿ ಕಾಲು ಅದುಮಿದ.

ಎಂಜಿನ್ ಭೋರ್ ಎಂದಿತು. ಕಾರು ಕದಲಲಿಲ್ಲ.

ಇನ್ನೂ ಅದುಮಿದ. ಎಂಜಿನ್ ಇನ್ನೂ ಕೂಗಿತು. ಕಾರು ಮೆಲ್ಲಗೆ ಹಿಂದಕ್ಕೆ ಜಾರಿತು. ಅವನು ಬ್ರೇಕ್ ತುಳಿದು ಕಣ್ಣು ಬಿಟ್ಟುಕೊಂಡು ಕುಳಿತ. ಅವನಿಗೆ ನಂಬಲಾಗಲಿಲ್ಲ. ಎಂಜಿನ್ ಓಡುತ್ತಿದೆ, ದೀಪ ಉರಿಯುತ್ತಿದೆ, ತಣ್ಣನೆಯ ಗಾಳಿ ಬೀಸುತ್ತಿದೆ, ಹಾಡು ಹಾಡುತ್ತಲೇ ಇದೆ. ಎಲ್ಲ ಇದ್ದು ಚಕ್ರ ಮಾತ್ರ ತಿರುಗುತ್ತಿಲ್ಲ. ಹೆಣದ ಬಾಯಿಂದ ಮಾತು ಬಂದಿದ್ದರೂ ಅವನು ಅಷ್ಟು ಬೆಚ್ಚಿಬೀಳುತ್ತಿರಲಿಲ್ಲ.

ಹಿಂದಿನ ಗಾಡಿಯವರು ಇಳಿದು ಕಾರನ್ನು ಬದಿಗೆ ನೂಕಿ ಚಕ್ರಕ್ಕೆ ಕಲ್ಲು ಕೊಟ್ಟು ಹೋದರು. ಅವರ ಗಾಡಿಯಲ್ಲಿ ಜಾಗವಿರಲಿಲ್ಲ. ಹೆಂಡತಿ ಒಂದು ಕೈಯಲ್ಲಿ ತಂಬಿಗೆ ಹಿಡಿದು ಇನ್ನೊಂದು ಕೈಯನ್ನು ಬರುವ ಗಾಡಿಗಳಿಗೆಲ್ಲ ಅಡ್ಡ ಮಾಡಿದಳು. ಅಂಥ ಏರಿನಲ್ಲಿ ನಿಲ್ಲಿಸಿದರೆ ಮತ್ತೆ ಹೊರಡುವುದು ಕಷ್ಟ, ಯಾರೂ ನಿಲ್ಲಿಸಲಿಲ್ಲ. ವ್ಯಾಪಾರಿ ಅಂಗಡಿಗೆ ಫೋನ್ ಮಾಡಿ ಟೆಂಪೊ ಕಳಿಸಲು ಹೇಳಿದ. ಅದು ಬರುವಷ್ಟರಲ್ಲಿ ಅವಳಿಗೆ ಅಣ್ಣನ ಫೋನ್ ಬಂತು. ಅವಳು ಕಿವಿಗೆ ಹಿಡಿದಳು, ಕೇಳಿದಳು, ಕೆಳಗಿಳಿಸಿದಳು. ವ್ಯಾಪಾರಿಗೆ ಅದರ ಮೇಲೆ ಗಮನವೇ ಇಲ್ಲ. ಅವನು ಕಾರನ್ನು ಸುತ್ತುತ್ತ ಹಣೆ ಹಣೆ ಬಡಿದುಕೊಳ್ಳುತ್ತಿದ್ದ.

“ಒಂದು ದಿನಾನೂ ಸದ್ದು ಮಾಡ್ಲಿಲ್ಲ! ಹೇಳ್ದೆ ಕೇಳ್ದೆ ಇವತ್ತೇ ಹಿಂಗೆ ಕೈ ಕೊಡ್ತಲ್ಲ!”

“ಹೇಳ್ತು ರೀ” ಎಂದಳು ಹೆಂಡತಿ. “ನೀವು ಹಾಡು ಜೋರು ಮಾಡಿದ್ರಿ. ಅವ್ವ ಹೋದ್ಲಂತೆ.”

ಕಾರಿನೊಳಗೆ ಹಾಡು ಇನ್ನೂ ಬರುತ್ತಿತ್ತು. ಅದನ್ನು ನಿಲ್ಲಿಸಬೇಕೆಂದು ವ್ಯಾಪಾರಿ ಕೈ ಹಾಕಿದ. ಗುಂಡಿ ಸಿಗಲಿಲ್ಲ. ಅವಳೇ ಬಂದು ನಿಲ್ಲಿಸಿದಳು. ಮದುವೆಯಾದಂದಿನಿಂದ ಅವಳು ಮೆಲ್ಲಗೆ ಹೇಳಿದ್ದೇನೇನು ಎಂದು ನೆನಪು ಮಾಡಿಕೊಳ್ಳಲು ಅವನು ಅಲ್ಲೇ ನಿಂತು ನೋಡಿದ. ಒಂದೂ ನೆನಪಾಗಲಿಲ್ಲ. ಅವನು ಹೆದರಿದ್ದು ಆಗ.

ಟೆಂಪೊ ಬಂತು. ಗರ್ ಎನ್ನುತ್ತ, ಗೊಣಗುತ್ತ, ಅದೇ ಏರನ್ನು ಹತ್ತಿ ಅವರನ್ನು ತವರಿನ ಬಾಗಿಲಿಗೆ ಮುಟ್ಟಿಸಿತು. ಅವಳು ತಾಯಿಯ ಮುಖ ನೋಡಿದಳು. ತಾಯಿ ಇವಳನ್ನು ನೋಡಲಿಲ್ಲ. ಹಾಲು ತಂಬಿಗೆಯಲ್ಲೇ ಉಳಿಯಿತು.

ತಿಥಿ ಮುಗಿಸಿ ಬಂದ ಮೇಲೆ ಮೇಸ್ತ್ರಿ ಕಾರಿನ ಹೊಟ್ಟೆ ಬಿಚ್ಚಿದ. ಎಣ್ಣೆ ಕರಿ ಕಾಡಿಗೆಯಾಗಿತ್ತು, ಸುಟ್ಟು ನಾರುತ್ತಿತ್ತು, ಅದರ ತುಂಬ ಸವೆದ ಉಕ್ಕಿನ ಪುಡಿ. ಪಟ್ಟಿಗೆ ಹಿಡಿತವೇ ಉಳಿದಿರಲಿಲ್ಲ. ಇಷ್ಟೆಲ್ಲ ಒಂದೇ ದಿನದಲ್ಲಿ ಆಯಿತೇ ಎಂದು ವ್ಯಾಪಾರಿ ಕೇಳಿದ, ಈಗ ನೀನು ಕೇಳಿದ ಹಾಗೆಯೇ.

“ದಿನಾ ಆಗ್ತಿತ್ತು ಯಜಮಾನ್ರೇ” ಎಂದ ಮೇಸ್ತ್ರಿ. “ನಿಂತಿದ್ದು ಮಾತ್ರ ಒಂದು ದಿನ.”

ಸ್ವಾಮಿಗಳು ಕತೆ ನಿಲ್ಲಿಸಿದರು. ಆ ಹೆಣ್ಣುಮಗಳ ತಂಬಿಗೆ ಕೊಟ್ರಬಸಪ್ಪನ ಕಣ್ಣ ಮುಂದೆಯೇ ಇತ್ತು. ಆದರೂ ಮನಸ್ಸು ಒಪ್ಪಲಿಲ್ಲ.

“ಗಾಡಿ ಮಾತು ಬೇರೆ ಬುದ್ಧೀ, ಅದಕ್ಕೆ ಬಾಯಿಲ್ಲ” ಎಂದ. “ನನ್ನ ತಮ್ಮಗೆ ದೇವರು ಕೊಟ್ಟ ಬಾಯಿತ್ತಲ್ಲ? ಒಂದು ಮಾತು ಹೇಳಬಹುದಿತ್ತಲ್ಲ?”

“ಹೊಗೆಗೆ ಉರಿಯುತ್ತವೆ ಎಂದಿದ್ದನಲ್ಲ, ಅವನ ಕಣ್ಣು ಈಗ ಹೇಗಿವೆ?” ಎಂದರು ಸ್ವಾಮಿಗಳು.