ಚಪ್ಪಲಿ ಕಚ್ಚಿಕೊಂಡು ಹೋದ ನಾಯಿ

ಕಪಿಲೆಯ ದಂಡೆಯಲ್ಲಿ ಆರಾಧ್ಯರ ಆಶ್ರಮವಿತ್ತು. ಆಶ್ರಮ ಎಂದ ಕೂಡಲೇ ಜಪ, ಹೋಮ ಅಂದುಕೊಳ್ಳಬೇಡಿ. ಅಲ್ಲಿ ಅವರು ಕಂಪ್ಯೂಟರ್ ಆಟ ಕಟ್ಟುವುದನ್ನು ಕಲಿಸುತ್ತಿದ್ದರು.

ಅಲ್ಲಿದ್ದ ನಿಯಮ ಒಂದೇ. ನೀನು ಕಟ್ಟಿದ ಆಟವನ್ನು ಇನ್ನೊಬ್ಬರು ಆಡುವಾಗ ಅವರ ಹಿಂದೆ ಕೂತು ನೋಡಬೇಕು, ಬಾಯಿ ಬಿಡಬಾರದು. ಅವರು ದಾರಿ ಕಾಣದೆ ಒದ್ದಾಡಲಿ, ನಿನ್ನ ದುಡಿಮೆಯನ್ನೆಲ್ಲ ಬೈಯಲಿ, ಬಾಯಿ ಮಾತ್ರ ಬಿಡಬಾರದು.

ಇಂದುಧರನೆಂಬ ಶಿಷ್ಯನಿಗೆ ಇದೊಂದು ಬಿಟ್ಟು ಮಿಕ್ಕೆಲ್ಲ ಬರುತ್ತಿತ್ತು.

ಒಂದು ಮಧ್ಯಾಹ್ನ ಅವನು ಗುರುಗಳ ಮುಂದೆ ಬಂದು ನಿಂತ.

“ಗುರುಗಳೇ, ಆಟ ಮುಗೀತು. ಈಗಲೇ ಆಡಿ ನೋಡ್ಬೇಕು.”

“ಈಗಲೇ ಯಾಕೆ? ಊಟ ಆಗಿ ಕಣ್ಣು ಎಳೀತಾ ಇದೆ.”

“ಸಾಯಂಕಾಲದ ಬಸ್ಸಿಗೆ ತನುಜಾ ಹೊರಟುಬಿಡ್ತಾಳೆ.”

ತನುಜಾ ಅವನ ಜೊತೆಗಾರ್ತಿ. ಆಟದ ಚಿತ್ರಗಳೆಲ್ಲ ಅವಳು ಬರೆದವು, ಪ್ರೋಗ್ರಾಂ ಬರೆದು ಅವನ್ನು ಓಡಿಸುವ ಕೆಲಸ ಇವನದು. ವರ್ಷಗಟ್ಟಲೆ ಜೊತೆಯಲ್ಲಿ ಕೂತು ಕಟ್ಟಿದವರು ಹೋದ ವಾರ ಜಗಳವಾಡಿಕೊಂಡಿದ್ದರು. ಅವಳು ಗಂಟುಮೂಟೆ ಕಟ್ಟಿಯಾಗಿತ್ತು.

“ಅವಳು ಹೋಗೋದಕ್ಕೂ ನಾನು ಆಡೋದಕ್ಕೂ ಏನಯ್ಯ ಸಂಬಂಧ?”

“ನೀವು ಸರಿ ಇದೆ ಅಂದ್ರೆ ಆಟಾನ ಅವಳ ಮುಂದೆ ಇಡ್ತೀನಿ. ಆಡಿದ್ರೆ ಅವಳಿಗೇ ಅರ್ಥ ಆಗುತ್ತೆ. ಉಳ್ಕೋತಾಳೆ.”

“ಬಾಯಲ್ಲಿ ಹೇಳೋಕೆ ಏನು ಧಾಡಿ?”

“ಹೇಳ್ಬೇಕಾದ್ದೆಲ್ಲ ಆಟದಲ್ಲೇ ಇದೆ ಗುರುಗಳೇ.”

ಆರಾಧ್ಯರು ನಿಟ್ಟುಸಿರು ಬಿಟ್ಟು, ಪಂಚೆಯ ತುದಿಯಲ್ಲಿ ಕನ್ನಡಕ ಒರೆಸಿಕೊಂಡು ಕಂಪ್ಯೂಟರಿನ ಮುಂದೆ ಕೂತರು. ಇಂದುಧರ ಹಿಂದೆ ಕೂತ.

ಅದು ಕಾಲದಲ್ಲಿ ಹಿಂದೆ ಹೋಗುವ ಆಟ. ಪರದೆಯ ಮೇಲೆ ಕಂಡದ್ದರ ಮೇಲೆ ಮೌಸ್ ಇಟ್ಟು ಒತ್ತಬೇಕು. ಸಿಕ್ಕ ವಸ್ತುವನ್ನು ಚೀಲಕ್ಕೆ ಹಾಕಿಕೊಂಡು, ಅದು ಎಲ್ಲಿ ಉಪಯೋಗಕ್ಕೆ ಬರುತ್ತದೆಂದು ತಲೆ ಓಡಿಸಬೇಕು.

ಕಥೆಯ ನಾಯಕ ಚೆನ್ನ ಎಂಬ ಮುದುಕ. ಹರೆಯದಲ್ಲಿ ಅವನೂ ಗೆಳೆಯ ಮಾದನೂ ಸೇರಿ ಗೊಂಬೆಯಾಟ ಆಡಿಸುತ್ತಿದ್ದರು. ಒಂದು ದಿನ ಜಗಳವಾಗಿ ಮಾದ ಮನೆ ಬಿಟ್ಟು ಹೊರಟ, ಮತ್ತೆ ಬರಲಿಲ್ಲ. ಈಗ ಮುದುಕ ಚೆನ್ನ ಊರ ಕಲ್ಯಾಣಿಯಲ್ಲಿ ಮುಳುಗಿ ಎದ್ದರೆ ಆ ಜಗಳದ ದಿನಕ್ಕೆ ಹೋಗುತ್ತಾನೆ. ಅಲ್ಲಿ ಮತ್ತೆ ಮುಳುಗಿದರೆ ತಾತನ ಕಾಲಕ್ಕೆ, ತಾತನ ಕಾಲದಲ್ಲಿ ಮುಳುಗಿದರೆ ವಾಪಸ್ ಜಗಳದ ದಿನಕ್ಕೆ. ಮಾದ ಹೋಗದಂತೆ ಮಾಡಿದರೆ ಆಟ ಗೆದ್ದ ಹಾಗೆ.

ಆರಾಧ್ಯರು ಕಲ್ಯಾಣಿಯ ಮೇಲೆ ಒತ್ತಿದರು. ಚೆನ್ನ ಮುಳುಗಿದ, ಎದ್ದ. ಅವರಿಗೆ ಖುಷಿಯಾಯಿತು. ಮತ್ತೆ ಮುಳುಗಿಸಿದರು, ಮತ್ತೆ ಎಬ್ಬಿಸಿದರು.

“ನೀರು ಚೆನ್ನಾಗಿ ಬರೆದಿದ್ದಾಳೆ ಹುಡುಗಿ” ಎಂದು ಇನ್ನೊಮ್ಮೆ ಮುಳುಗಿಸಿದರು.

ಇಂದುಧರ ಉಗುರು ಕಚ್ಚತೊಡಗಿದ. ಹೊರಗೆ ಬಿಸಿಲು ಇಳಿಯುತ್ತಿತ್ತು.

ಕೊನೆಗೆ ತಾತನ ಕಾಲದ ಮನೆಯಲ್ಲಿ ಒಲೆಯ ಪಕ್ಕ ಮುದ್ದೆಯ ಚೂರು ಸಿಕ್ಕಿತು. ಹೊಸಿಲಿನ ಹತ್ತಿರ ನಾಯಿಮರಿಯೊಂದು ಬಾಲ ಆಡಿಸುತ್ತಿತ್ತು. ಇಂದುಧರ ಉಸಿರು ಬಿಗಿಹಿಡಿದ. ಆರಾಧ್ಯರು ಮುದ್ದೆಯನ್ನು ಚೀಲಕ್ಕೆ ಹಾಕಿಕೊಂಡು, ನಾಯಿಮರಿಯನ್ನು ದಾಟಿಕೊಂಡು, ಸೀದಾ ಕಲ್ಯಾಣಿಗೆ ಬಂದು ಮುಳುಗಿದರು.

ಜಗಳದ ದಿನದ ಮನೆಯಲ್ಲಿ ಮಾದ ಬೆನ್ನು ತಿರುಗಿಸಿ ಗಂಟು ಕಟ್ಟುತ್ತಿದ್ದ. ಆರಾಧ್ಯರು ಮುದ್ದೆಯನ್ನು ಅವನಿಗೆ ಕೊಟ್ಟರು.

ಪರದೆಯ ಮೇಲೆ ಅಕ್ಷರ ಮೂಡಿತು: ‘ಇದರಿಂದ ಏನೂ ಆಗುವುದಿಲ್ಲ.’

“ಹಸಿದುಕೊಂಡು ಹೊರಟಿದ್ದಾನಲ್ಲ ಪಾಪ” ಎಂದರು.

ಮಾದನ ಜೊತೆ ಮಾತಾಡಲು ನೋಡಿದರು. ‘ಇದರಿಂದ ಏನೂ ಆಗುವುದಿಲ್ಲ.’

ಅವನು ಕಟ್ಟುತ್ತಿದ್ದ ಗಂಟಿಗೆ ಒಂದು ಕೈ ಹಿಡಿಯೋಣವೆಂದು ಗಂಟಿನ ಮೇಲೆ ಒತ್ತಿದರು. ‘ಇದರಿಂದ ಏನೂ ಆಗುವುದಿಲ್ಲ.’

ಮಾದನ ಗೊಂಬೆಯನ್ನು ಗೂಟದಿಂದ ಇಳಿಸಿ, ಧೂಳು ಕೊಡವಿ, ಅವನ ಮುಂದೆ ಹಿಡಿದರು. ಅದಕ್ಕೂ ಅದೇ ಉತ್ತರ.

“ಏನು ಆಟವಯ್ಯ ಇದು? ತಾಲ್ಲೂಕು ಕಚೇರಿಗೆ ಹೋದ ಹಾಗಿದೆ.”

ಇಂದುಧರ ಹಲ್ಲು ಕಚ್ಚಿಕೊಂಡು ಸುಮ್ಮನಿದ್ದ. ಆರಾಧ್ಯರು ಮೂಗು ತಾಗುವಷ್ಟು ಹತ್ತಿರ ಬಗ್ಗಿ ಮಾದನ ತಲೆಯ ಮೇಲೆ ಒತ್ತಿದರು. ಮತ್ತೆ ಒತ್ತಿದರು. ಕಿವಿಯ ಮೇಲೆ ಒತ್ತಿದರು.

“ಇವನ ಮುಖ ಯಾಕೆ ಕಾಣಿಸಲ್ಲ?”

“ಅಲ್ಲೇನೂ ಇಲ್ಲ ಗುರುಗಳೇ!” ಇಂದುಧರ ಎದ್ದು ನಿಂತುಬಿಟ್ಟ. “ನಾಯಿಮರಿ! ನಾಯಿಮರಿಗೆ ಮುದ್ದೆ ಹಾಕಿ! ಕಣ್ಣ ಮುಂದೆ ಬಾಲ ಅಲ್ಲಾಡಿಸ್ತಾ ನಿಂತಿಲ್ವಾ?”

ಆರಾಧ್ಯರು ಮೌಸ್ ಬಿಟ್ಟರು.

“ಬಾಯಿ ಬಿಟ್ಟೆ.”

“ತಪ್ಪಾಯ್ತು. ಆದ್ರೆ ಹೊತ್ತಾಗ್ತಿದೆ ಗುರುಗಳೇ.”

“ನಾಯಿಮರಿಗೆ ಯಾಕಯ್ಯ ಮುದ್ದೆ?”

“ತಾತನ ಕಾಲದಲ್ಲಿ ಅದಕ್ಕೆ ಮುದ್ದೆ ಹಾಕಿದ್ರೆ ಅದು ಆ ಮನೇಲೇ ಉಳಿದುಬಿಡುತ್ತೆ. ಮರಿ ಹಾಕುತ್ತೆ. ಆ ಮರಿ ಮರಿ ಹಾಕುತ್ತೆ. ಹಾಗೇ ಬಂದು ಬಂದು, ಜಗಳದ ದಿನ ಆ ವಂಶದ್ದೇ ಒಂದು ನಾಯಿ ಮಾದನ ಚಪ್ಪಲಿ ಕಚ್ಕೊಂಡು ಓಡಿಹೋಗುತ್ತೆ. ಚಪ್ಪಲಿ ಇಲ್ದೆ ಅವನು ಹೊರಡೋ ಹಾಗಿಲ್ಲ.”

ಹೇಳಿ ಮುಗಿಸುವಾಗ ಇಂದುಧರನ ಮುಖದಲ್ಲಿ ಹೆಮ್ಮೆ ತುಳುಕುತ್ತಿತ್ತು. ಇದನ್ನು ಹೇಳುತ್ತಿರುವ ನನಗೇ ತಲೆ ಚಿಟ್ಟು ಹಿಡಿಯುತ್ತದೆ, ಆರಾಧ್ಯರಿಗೆ ಹೇಗಾಗಿರಬೇಡ?

ಅವರು ಮತ್ತೆ ಮೌಸ್ ಹಿಡಿದರು. ಮುಳುಗಿದರು, ನಾಯಿಮರಿಗೆ ಮುದ್ದೆ ಹಾಕಿದರು, ಮತ್ತೆ ಮುಳುಗಿ ಬಂದರು. ನಾಯಿ ಚಪ್ಪಲಿ ಕಚ್ಚಿಕೊಂಡು ಓಡಿತು. ಮಾದ ಬರಿಗಾಲಲ್ಲಿ ಜಗಲಿಯ ಮೇಲೆ ಕುಕ್ಕರಿಸಿದ, ಬೆನ್ನು ಈ ಕಡೆ ಮಾಡಿಕೊಂಡು.

‘ನೀವು ಗೆದ್ದಿರಿ’ ಎಂದು ಮೂಡಿತು.

“ಆಮೇಲೆ?”

“ಆಮೇಲೇನು? ಮಾದ ಉಳಿದ. ಆಟ ಮುಗೀತು.”

“ಉಳಿದದ್ದೇನೋ ಹೌದು, ಮುಖ ತಿರುಗಿಸ್ಕೊಂಡು ಕೂತಿದ್ದಾನಲ್ಲಯ್ಯ. ಮುಖ ಬರೆಯೋದು ತನುಜಾ ಮರೆತಳಾ?”

ಇಂದುಧರ ತಲೆ ಕೆರೆದುಕೊಂಡ.

“ಬರೆದಿದ್ದಳು. ಮಾದ ಹೊಸಿಲು ದಾಟುವಾಗ ನಿಂತು, ತಿರುಗಿ ನೋಡೋ ಹಾಗೆ ಬರೆದಿದ್ದಳು. ನಾನೇ ತೆಗೆದುಹಾಕಿದೆ.”

“ಯಾಕೆ?”

“ಆಡೋಕೆ ಕೂತೋರೆಲ್ಲ ಆ ಮುಖವನ್ನೇ ಒತ್ತಿದ್ರು ಗುರುಗಳೇ! ಒತ್ತಿದ್ದನ್ನೇ ಒತ್ತಿದ್ರು. ಅಲ್ಲಿ ನಾನು ಏನೂ ಇಟ್ಟಿರಲಿಲ್ಲ. ನಾಯಿ ಕಡೆ ಒಬ್ಬರಾದ್ರೂ ತಿರುಗಿ ನೋಡ್ಬೇಕಲ್ಲ? ಅಷ್ಟು ಕಷ್ಟಪಟ್ಟು ಮಾಡಿದ ನಾಯಿ!”

“ಅವಳನ್ನ ಕೇಳಿ ತೆಗೆದೆಯಾ?”

ಇಂದುಧರ ಮೌಸಿನ ವೈರನ್ನು ಬೆರಳಿಗೆ ಸುತ್ತತೊಡಗಿದ.

“ಜಗಳ ಆಗಿದ್ದು ಇದಕ್ಕೇನಾ?”

“ಹೂಂ.”

ಆರಾಧ್ಯರು ಎರಡೂ ಕೈಯಲ್ಲಿ ತಲೆ ಹಿಡಿದುಕೊಂಡರು. “ಬಂದೋರೆಲ್ಲ ಅಲ್ಲೇ ಒತ್ತಿದ್ರು ಅಂದ್ರೆ, ಅಲ್ಲೊಂದು ಮಾತು ಇಡೋದು ಬಿಟ್ಟು ಮುಖಾನೇ ಕಿತ್ತುಹಾಕಿದೆಯಲ್ಲ ಮಹಾರಾಯ!”

“ಈಗ ಇಡ್ತೀನಿ. ಬಸ್ಸು ಬರೋದರೊಳಗೆ ಮಾತು ಸೇರಿಸ್ತೀನಿ.”

“ಇದರಿಂದ ಏನೂ ಆಗುವುದಿಲ್ಲ” ಎಂದರು ಆರಾಧ್ಯರು.

“ಅವಳ ಹಳೇ ಚಿತ್ರಾನೂ ಸೇರಿಸಿ, ಆಡು ಅಂತ ಕೊಡ್ತೀನಿ.”

“ಇದರಿಂದ ಏನೂ ಆಗುವುದಿಲ್ಲ.”

“ಹಾಗಾದ್ರೆ ನೀವೇ ಅವಳಿಗೆ ಒಂದು ಮಾತು ಹೇಳಿ ಗುರುಗಳೇ.”

“ಇದರಿಂದ ಏನೂ...”

“ಸಾಕು ಗುರುಗಳೇ, ನನ್ನ ತಲೆ ಕೆಡ್ತಾ ಇದೆ!”

“ನನ್ನದು ಊಟ ಆದಾಗಿಂದ ಕೆಟ್ಟಿದೆ.”

ಅಷ್ಟರಲ್ಲಿ ತನುಜಾ ಬಾಗಿಲಿಗೆ ಬಂದಳು. ಹೆಗಲಲ್ಲಿ ಚೀಲ, ಬರಿಗಾಲು. ಇಂದುಧರನ ಕಡೆ ನೋಡಲೇ ಇಲ್ಲ.

“ಹೊರಡ್ತೀನಿ ಗುರುಗಳೇ. ನನ್ನ ಚಪ್ಪಲಿ ಎಲ್ಲೂ ಕಾಣ್ತಿಲ್ಲ. ನೀವೇನಾದ್ರೂ ನೋಡಿದ್ರಾ?”

“ಇಲ್ಲವಲ್ಲ ತಾಯಿ. ಬಾಗಿಲ ಹತ್ತಿರ ಬಿಟ್ಟಿರಲಿಲ್ವಾ?”

“ಅಲ್ಲೇ ಬಿಟ್ಟಿದ್ದೆ. ಹಿತ್ತಲಲ್ಲಿ ನೋಡ್ತೀನಿ, ತಡೀರಿ.”

ಅವಳು ಹಿತ್ತಲ ಕಡೆ ಹೋದಳು. ಆರಾಧ್ಯರು ನಿಧಾನವಾಗಿ ಇಂದುಧರನ ಕಡೆ ತಿರುಗಿದರು. ಅವನು ಮನೆಯ ತೊಲೆಗಳನ್ನು ಬಹಳ ಆಸಕ್ತಿಯಿಂದ ನೋಡುತ್ತಿದ್ದ.

ಮೇಜಿನ ಕೆಳಗೆ ಅವರು ಕಾಲು ಚಾಚಿದರು. ಏನೋ ತಗುಲಿತು. ಬಗ್ಗಿ ಎತ್ತಿದರೆ ನೀಲಿ ಪಟ್ಟಿಯ ಒಂದು ಜೊತೆ ಚಪ್ಪಲಿ.

“ಅಯ್ಯೋ ಶಿವನೇ” ಎಂದು ಹಣೆ ಚಚ್ಚಿಕೊಂಡರು. “ನಾಯಿ ಸಿಗಲಿಲ್ಲ ಅಂತ ನೀನೇ ಕಚ್ಕೊಂಡು ಬಂದೆಯೇನೋ?”

“ಈ ಬಸ್ಸು ತಪ್ಪಿದ್ರೆ ನಾಳೆವರೆಗಾದ್ರೂ ಇರ್ತಾಳೆ ಅಂತ...” ಇಂದುಧರ ಬಾಗಿಲ ಕಡೆ ನೋಡಿದ. “ಹೋದ್ರೆ ಮತ್ತೆ ಬರಲ್ಲ ಗುರುಗಳೇ. ಅವಳಿಲ್ದೆ ನನ್ನ ಕೈಲಿ ಏನೂ ಆಗಲ್ಲ. ಅವಳ ಎದುರಿಗೆ ನಿಂತ್ರೆ ಮಾತ್ರ ಅದನ್ನ ಹೇಳೋಕೆ ಬಾಯೇ ಬರಲ್ಲ.”

“ಇನ್ನೊಬ್ಬರು ಆಡುವಾಗ ಮುಚ್ಚೋಕೆ ಬರಲ್ಲ, ಬೇಕಾದಾಗ ತೆರೆಯೋಕೆ ಬರಲ್ಲ. ಏನು ಬಾಯಿ ಕೊಟ್ಟನಯ್ಯ ನಿನಗೆ ದೇವರು!” ಆರಾಧ್ಯರು ಚಪ್ಪಲಿಯನ್ನು ಅವನ ತೊಡೆಯ ಮೇಲೆ ಹಾಕಿದರು. “ಹೋಗಿ ಕೊಡು.”

“ಕೊಟ್ರೆ ಹೋಗಿಬಿಡ್ತಾಳೆ.”

“ಹೋಗೋಕೆ ಬಿಟ್ರೆ ತಾನೇ ಕಣಯ್ಯ, ತಿರುಗಿ ನೋಡೋದು!”

ಇಂದುಧರ ಎದ್ದು ಹೊರಗೆ ಹೋದ.

ತನುಜಾ ಹಿತ್ತಲಿಂದ ಅಂಗಳಕ್ಕೆ ಬಂದು ಒಂಟಿಕಾಲಲ್ಲಿ ನಿಂತು, ಅಂಗಾಲಿನಿಂದ ನೆಗ್ಗಿಲ ಮುಳ್ಳು ಕೀಳುತ್ತಿದ್ದಳು. ತಲೆಯೆತ್ತಿದಾಗ ಅವನ ಕೈಯಲ್ಲಿ ಚಪ್ಪಲಿ ಕಂಡಿತು.

“ಎಲ್ಲಿತ್ತು?”

“ಮೇಜಿನ ಕೆಳಗೆ. ನಾನೇ ಬಚ್ಚಿಟ್ಟಿದ್ದೆ.”

ಅವಳು ಅವನನ್ನೇ ದಿಟ್ಟಿಸಿದಳು. “ಆ ದರಿದ್ರ ನಾಯಿ ಉಪಾಯಾನಾ?”

“ಹೂಂ.”

“ಥೂ ನಿನ್ನ!”

ಅವನು ಬಗ್ಗಿ ಚಪ್ಪಲಿಯನ್ನು ಅವಳ ಕಾಲ ಹತ್ತಿರ ಇಟ್ಟ.

“ಮುಖ ತೆಗೆದಿದ್ದು ತಪ್ಪಾಯ್ತು ತನು. ಹಳೇ ಪ್ರತಿ ಇದೆ. ವಾಪಸ್ ಹಾಕ್ತೀನಿ.”

“ಚಿತ್ರ ವಾಪಸ್ ಬರುತ್ತೆ ಕಣೋ. ತೆಗೆಯೋ ಮುಂಚೆ ನೀನು ನನ್ನನ್ನ ಕೇಳಿದ ಹಾಗೆ ಆಗುತ್ತಾ?”

ಇಂದುಧರ ಬಾಯಿ ತೆರೆದ, ಮುಚ್ಚಿದ. ವರ್ಷಗಟ್ಟಲೆ ಕೂತು ಕಾಲದಲ್ಲಿ ಹಿಂದೆ ಹೋಗುವ ಆಟ ಕಟ್ಟಿದವನಿಗೆ ಆ ಮಾತು ನುಂಗಲು ಕಷ್ಟವಾಯಿತು.

“ಆಗಲ್ಲ” ಎಂದ.

“ಮತ್ತೆ?”

“ಮತ್ತೇನಿಲ್ಲ. ಕೇಳಬೇಕಿತ್ತು, ಕೇಳಲಿಲ್ಲ. ನೀನಿಲ್ದೆ ನನ್ನ ಕೈಲಿ ಆಗಲ್ಲ.” ಅವನು ಗೇಟಿನ ಕಡೆ ಕೈ ತೋರಿಸಿದ. “ಬಸ್ಸಿಗೆ ಹೊತ್ತಾಯ್ತು, ಹೊರಡು.”

ತನುಜಾ ಚಪ್ಪಲಿ ಮೆಟ್ಟಿಕೊಂಡಳು. ಪಟ್ಟಿ ಸರಿಮಾಡಿಕೊಂಡಳು. ಚೀಲವನ್ನು ಹೆಗಲಿಗೆ ಏರಿಸಿಕೊಂಡು ಗೇಟಿನ ಕಡೆ ನಡೆದಳು.

ಆರಾಧ್ಯರು ಜಗಲಿಗೆ ಬಂದು ಕೂತಿದ್ದರು. ಇಂದುಧರ ಕಾಲೆಳೆದುಕೊಂಡು ಬಂದು ಅವರ ಪಕ್ಕದಲ್ಲಿ ಕುಸಿದ.

ಸೇತುವೆಯ ಆ ಕಡೆಯಿಂದ ಬಸ್ಸಿನ ಹಾರನ್ ಕೇಳಿಸಿತು. ತನುಜಾ ಗೇಟಿನ ಚಿಲಕ ತೆಗೆದಳು. ಹೊರಗೆ ಒಂದು ಕಾಲಿಟ್ಟಳು. ಚಿಲಕದ ಮೇಲಿಟ್ಟ ಕೈ ಹಾಗೇ ಇತ್ತು. ಅಲ್ಲೇ ನಿಂತಳು.

ಇಂದುಧರ ಅರ್ಧ ಎದ್ದ. “ತನು...”

ಆರಾಧ್ಯರು ಅವನ ಅಂಗಿ ಹಿಡಿದು ದಬಕ್ಕನೆ ಕೆಳಗೆ ಎಳೆದರು.

“ಒಂದೇ ಒಂದು ಮಾತು ಗುರುಗಳೇ! ಈ ಕಡೆ ನೋಡು ಅಂತ ಅಷ್ಟೇ...”

“ಬಾಯಿ ಮುಚ್ಕೊಂಡು ಕೂತ್ಕೊಳ್ಳೋ! ಈಗ ಆಡ್ತಾ ಇರೋಳು ಅವಳು.”