ಬಿಸಿಲಿಗೆ ಬಂದ ಆಲೂಗಡ್ಡೆ

ಮಣ್ಣೊಳಗೆ ಬೆಳೆಯುತ್ತಿದ್ದ ಆಲೂಗಡ್ಡೆಯೊಂದಕ್ಕೆ ತನ್ನದೇ ಗಿಡದ ಎಲೆಯ ಮೇಲೆ ಹೊಟ್ಟೆಕಿಚ್ಚು. "ಬಿಸಿಲೆಲ್ಲ ನಿನ್ನ ಪಾಲು, ಕತ್ತಲೆ ನನ್ನ ಪಾಲು. ಇದು ಯಾವ ನ್ಯಾಯ?" ಎಂದು ಕೇಳಿತು.

ಎಲೆ ಹೇಳಿತು: "ನನ್ನ ಮೈಯ ಹಸಿರು ಕಣಗಳು ಬಿಸಿಲನ್ನೇ ಒಲೆ ಮಾಡಿಕೊಂಡು, ನೀರು ಗಾಳಿ ಬೆರೆಸಿ ಅಡುಗೆ ಮಾಡುತ್ತವೆ. ಅದನ್ನು ಕೂಡಿಡಲು ನನ್ನಲ್ಲಿ ಜಾಗವಿಲ್ಲ. ನಿನ್ನನ್ನು ನಂಬಿ ಕೆಳಗೆ ಕಳಿಸುತ್ತೇನೆ."

ಆಲೂಗಡ್ಡೆಗೆ ಸಮಾಧಾನವಾಗಲಿಲ್ಲ. ಎಲೆ ಕಳಿಸಿದ್ದನ್ನೇ ಉಂಡು ಉಬ್ಬಿ, ಮಣ್ಣು ಸೀಳಿಕೊಂಡು ತಲೆ ಹೊರಗೆ ಹಾಕಿತು. ಬಿಸಿಲು ತಾಗಿದ ಮೈ ಹಸಿರಾಯಿತು. "ನಾನೂ ಎಲೆಯಾದೆ," ಎಂದು ಬೀಗಿತು.

ಗಡ್ಡೆ ಕೀಳಲು ಬಂದ ಗಂಗಹನುಮಕ್ಕ ಅದನ್ನು ತಿರುಗಿಸಿ ನೋಡಿ, "ಇದು ಹಸಿರಾಗಿಬಿಟ್ಟಿದೆ. ಸಾರಿಗೆ ಹಾಕಿದರೆ ಕಹಿ, ತಿಂದವರಿಗೆ ಹೊಟ್ಟೆನೋವು. ಬೀಜಕ್ಕಾದರೂ ಆದೀತು," ಎಂದು ಬೇರೆ ಇಟ್ಟಳು. ಕಿತ್ತ ಗಿಡದ ಎಲೆ ಅಲ್ಲೇ ಬಾಡಿತು. ಅಂದಿನಿಂದ ಆಲೂಗಡ್ಡೆಗೆ ಮೇಲಿನಿಂದ ಏನೂ ಬರಲಿಲ್ಲ.

ಬಿತ್ತನೆಯ ಕಾಲಕ್ಕೆ ಅದು ಮತ್ತೆ ಮಣ್ಣು ಸೇರಿತು. ಅದರ ಮೈಯಿಂದ ಬಿಳಿಚಿದ ಮೊಳಕೆಯೊಂದು ಹೊರಟು, "ಅಮ್ಮಾ, ಹಸಿವು," ಎಂದಿತು. ಗಡ್ಡೆ ತಾನು ಕೂಡಿಟ್ಟದ್ದನ್ನೆಲ್ಲ ಅದಕ್ಕೆ ಉಣಿಸಿತು. ಉಣಿಸುತ್ತ ಉಣಿಸುತ್ತ ಸುಕ್ಕುಗಟ್ಟಿತು.

ಮೊಳಕೆ ಮೇಲೆ ಬಂದು ಹಸಿರೆಲೆ ಬಿಟ್ಟಿತು. "ಅಮ್ಮಾ, ಇಲ್ಲಿ ಬಿಸಿಲು ಎಷ್ಟು ಚೆನ್ನಾಗಿದೆ. ನೀನೂ ಬಾ," ಎಂದು ಕರೆಯಿತು.

"ನಾನು ನೋಡಿದ್ದೇನೆ ಮಗಳೇ. ನೀನು ಅಲ್ಲೇ ನಿಲ್ಲು," ಎಂದಿತು ಗಡ್ಡೆ. "ನಾಳೆ ನಿನಗೂ ಗಡ್ಡೆಗಳಾಗುತ್ತವೆ. ಅಡುಗೆಯಾದ ಮೇಲೆ ಅವಕ್ಕೆ ಕಳಿಸುವುದನ್ನು ಮರೆಯಬೇಡ. ಕತ್ತಲಲ್ಲಿ ಕೂತು ನಿನ್ನನ್ನೇ ಬೈದಾವು. ಬೈದರೂ ಕಳಿಸು."