ಕೊಸರಿನ ಗುಡಾಣ

“ಮತ್ತೆ ಬಂದೆಯಾ? ನಾನು ಹುಣಸೆಹಣ್ಣು ಬಿಡಿಸಲು ಕೂತೆನೆಂದರೆ ಸಾಕು, ನಿನಗೊಂದು ಪ್ರಶ್ನೆ ಹುಟ್ಟುತ್ತದೆ. ಈ ಬುಟ್ಟಿ ಮುಗಿಯುವವರೆಗಾದರೂ ತಡೆಯಬಾರದೇ?” ಎಂದು ಸಂಗಮ್ಮ ತಾಯಿ ಗೊಣಗಿದರು.

ಶಿಷ್ಯೆ ವಿಶಾಲಾಕ್ಷಿ ತಡೆಯುವಂತಿರಲಿಲ್ಲ. ದಿನಸಿ ವ್ಯಾಪಾರದಲ್ಲಿ ಅವಳದು ದೊಡ್ಡ ಹೆಸರು. ನೀತಿ ಬಿಡದೆ ಗೆದ್ದವರ ಬಗ್ಗೆ ಸಾಕ್ಷ್ಯಚಿತ್ರ ತೆಗೆಯುವವರು ಮರುದಿನ ಕ್ಯಾಮೆರಾ ಹೊತ್ತು ಅವಳ ಅಂಗಡಿಗೆ ಬರುವವರಿದ್ದರು.

“ತಾಯಿ, ಯಾರಿಗೂ ಮೋಸ ಮಾಡದೆ ಗೆದ್ದೆ ಎಂದು ನಾಳೆ ಹೇಳಬೇಕು. ಹೇಳಬಹುದೇ?”

“ತೂಕದಲ್ಲಿ ಕೈಚಳಕವಿದೆಯೋ?”

“ಒಂದು ಕಾಳಿನಷ್ಟೂ ಇಲ್ಲ.”

“ಹಾಗಾದರೆ ಕೂತುಕೋ. ಸುಮ್ಮನೆ ಕೂರಬೇಡ, ಬೀಜ ಬಿಡಿಸು.”

ತಾಯಿ ಹೇಳಿದ ಕತೆ ಇದು.

ಒಂದು ಊರಿನಲ್ಲಿ ಒಬ್ಬ ವರ್ತಕನಿದ್ದ. ಅಲ್ಲಿ ಜೋಳ ಅಳೆದ ಮೇಲೆ ಅಂಗಡಿಯವರು ಒಂದು ಹಿಡಿ ಹೆಚ್ಚಿಗೆ, ಕೊಸರೆಂದು, ಹಾಕುವುದು ರೂಢಿ. ಕೊಂಡವರು ಆ ಹಿಡಿಯನ್ನು ಮನೆಗೆ ಒಯ್ಯುತ್ತಿರಲಿಲ್ಲ. ಅರಳಿಕಟ್ಟೆಯಲ್ಲಿ ಹೂತಿಟ್ಟ ದೊಡ್ಡ ಮಣ್ಣಿನ ಗುಡಾಣವೊಂದಿತ್ತು. ಹೋಗುವಾಗ ಅದರಲ್ಲಿ ಸುರಿಯುತ್ತಿದ್ದರು. ಇಲ್ಲದವರು ಬಂದು ಕೈಹಾಕಿ ತೆಗೆದುಕೊಳ್ಳುತ್ತಿದ್ದರು. ಸುರಿದವರ ಹೆಸರಿಲ್ಲ, ತೆಗೆದವರ ಹೆಸರೂ ಇಲ್ಲ.

ಕೊಸರು ಯಾರ ಹಕ್ಕೂ ಅಲ್ಲ ಎಂದು ವರ್ತಕ ಯೋಚಿಸಿದ. ಅದನ್ನು ನಿಲ್ಲಿಸಿ ಅಷ್ಟಕ್ಕೆ ಬೆಲೆಯನ್ನೇ ಇಳಿಸಿದ. ಜನ ಮುಗಿಬಿದ್ದರು. ಉಳಿದ ಅಂಗಡಿಯವರೂ ವಿಧಿಯಿಲ್ಲದೆ ಕೊಸರು ಬಿಟ್ಟರು. ವರ್ತಕ ಸಾಹುಕಾರನಾದ. ಅವನನ್ನು ಬೈದವರು ಒಬ್ಬರೂ ಇಲ್ಲ.

ಒಂದು ಬೇಸಿಗೆಯಲ್ಲಿ, ಕಂಕುಳಲ್ಲಿ ಕೂಸಿದ್ದ ಹೆಂಗಸೊಬ್ಬಳು ಗುಡಾಣಕ್ಕೆ ಭುಜದವರೆಗೆ ಕೈ ಇಳಿಸಿ ಬರಿಗೈ ತೆಗೆದದ್ದನ್ನು ಅವನು ಕಂಡ. ಹತ್ತಿರ ಹೋಗಿ ಬಗ್ಗಿ ನೋಡಿದ. ಒಬ್ಬ ಮನುಷ್ಯ ನಿಲ್ಲುವಷ್ಟು ಆಳ. ಅದುವರೆಗೆ ಅದರ ತಳ ಕಂಡವರೇ ಇರಲಿಲ್ಲ.

“ಇಷ್ಟು ದೊಡ್ಡದನ್ನು ತುಂಬುತ್ತಿದ್ದವರು ಯಾರು?” ಎಂದು ಕೇಳಿದ.

“ಯಾರೂ ಇಲ್ಲ ಸಾಹುಕಾರರೇ,” ಎಂದಳು ಅವಳು. “ಅದು ತುಂಬಿರುತ್ತಿತ್ತು.”

ವರ್ತಕನಿಗೆ ಆಗ ಅರ್ಥವಾಯಿತು. ಹಿಡಿ ಹಿಡಿಯಾಗಿ ಬಿದ್ದದ್ದು ಒಂದು ಊರಿನ ಹಸಿವನ್ನೇ ಹೊತ್ತುಕೊಂಡಿತ್ತು. ಅವನು ಚಪ್ಪಲಿ ಕಳಚಿ, ಗುಡಿಯಲ್ಲಿ ನಿಂತ ಹಾಗೆ ನಿಂತ. ಆಮೇಲೆ ತನ್ನ ಕಣಜ ತೆರೆಸಿ, ಗಾಡಿಯಲ್ಲಿ ಜೋಳ ತರಿಸಿ, ಗುಡಾಣವನ್ನು ಕಂಠದವರೆಗೆ ತುಂಬಿಸಿದ.

ಹೆಂಗಸು ಮುಟ್ಟಲಿಲ್ಲ.

“ತಗೋ ತಾಯಿ, ನಾನೇ ಹೇಳುತ್ತಿದ್ದೇನಲ್ಲ.”

“ನೀವು ಹೇಳಿದಿರಲ್ಲ, ಅದಕ್ಕೇ ಕೈ ಬಾರದು. ಮೊದಲು ಯಾರೂ ಹೇಳುತ್ತಿರಲಿಲ್ಲ.”

ಬೇರೆ ಯಾರೂ ಮುಟ್ಟಲಿಲ್ಲ. ಮಳೆಗಾಲದ ಹೊತ್ತಿಗೆ ಜೋಳ ಅಲ್ಲೇ ಹುಳು ಹಿಡಿದು ಹಿಟ್ಟಾಯಿತು.

ಕತೆ ನಿಂತಿತು. ವಿಶಾಲಾಕ್ಷಿಯ ಬೆರಳ ನಡುವೆ ಹುಣಸೆಬೀಜವೂ ನಿಂತಿತ್ತು. ಅವಳ ಅಂಗಡಿಯಲ್ಲೂ ಕೊಸರಿರಲಿಲ್ಲ; ತಕ್ಕಡಿ ಕೂದಲೆಳೆಯಷ್ಟೂ ವಾಲುತ್ತಿರಲಿಲ್ಲ.

“ಆದರೂ ತಾಯಿ, ಅವನು ಯಾರ ಗಂಟನ್ನೂ ನುಂಗಲಿಲ್ಲವಲ್ಲ?” ಎಂದಳು ಮೆಲ್ಲಗೆ.

“ನುಂಗಲಿಲ್ಲ ಮಗಳೇ. ಹಾಗಾದರೆ ಹೋದದ್ದು ಯಾರದು?”